ನಾಲ್ಕುನೂರ ಹದಿನೇಳನೇ ನೆಗೆಟಿವ್

ರೇಣುಕಪ್ರಸಾದ್ ನನಗೆ ಮೊಟ್ಟಮೊದಲು ತೋರಿಸಿದ್ದು ಒಬ್ಬ ನೀಲಿ ಮದುಮಗಳನ್ನು.

ಈಗ ಮೊಬೈಲ್ ರಿಪೇರಿ ಅಂಗಡಿಯೂ ಆಗಿರುವ ಆಲ್ದೂರಿನ ಷಡಕ್ಷರಿ ಸ್ಟುಡಿಯೋದ ಕೌಂಟರಿನ ಮೇಲೆ ಒಂದು ಟ್ಯಾಬ್ ಅಂಗಾತ ಮಲಗಿತ್ತು. ಅದರ ಪರದೆ ಹಾಲಿನ ಹಾಗೆ ಬಿಳಿ. ಪರದೆಯ ಮೇಲೆ ಒಂದು ಪಟ್ಟಿ ಫಿಲಂ. ಎರಡು ಬದಿಗೆ ಎರಡು ಸ್ಟೀಲ್ ಲೋಟ ಬೋರಲು ಹಾಕಿ, ಅವುಗಳ ಮೇಲೆ ಸೇತುವೆಯಂತೆ ಮೊಬೈಲನ್ನು ಮಲಗಿಸಿದ್ದರು.

"ನೋಡಿ ಮೇಡಂ, ಈಗ ಬರುತ್ತೆ," ಎಂದು ಅವರು ಆ್ಯಪ್ ಒತ್ತಿದರು.

ಬಂತು. ಬಾಸಿಂಗ ಕಟ್ಟಿದ ಹುಡುಗಿ. ಕೈತುಂಬ ಬಳೆ. ಮುಖ ಮಾತ್ರ ಮೈಲುತುತ್ತದ ನೀಲಿ. ನಕ್ಕ ಹಲ್ಲೂ ನೀಲಿ.

"ಅಯ್ಯೋ ಶಿವನೇ!" ನಾನು ಎರಡು ಹೆಜ್ಜೆ ಹಿಂದೆ ಸರಿದೆ. "ಏನಾಗಿತ್ತು ಇವರಿಗೆ?"

"ಮದುವೆ ಆಗಿತ್ತು," ಎಂದರು ತಲೆ ಎತ್ತದೆ.

ಬಾಗಿಲ ಬಳಿಯ ಬೆಂಚಿನಲ್ಲಿ ಕೂತಿದ್ದ ಅವರ ತಂದೆ ಷಡಕ್ಷರಿಯವರು ಕೆಮ್ಮಿದರು. ಅದು ನಗೆಯೋ ಕೆಮ್ಮೋ ಗೊತ್ತಾಗಲಿಲ್ಲ.

"ಹೆದರಬೇಡಿ. ಕಲರ್ ಫಿಲಂನ ಮೈಬಣ್ಣವೇ ಕಿತ್ತಳೆ. ಅದನ್ನು ಹಾಗೇ ಉಲ್ಟಾ ಮಾಡಿದರೆ ಎಲ್ಲರೂ ನೀಲಕಂಠರೇ. ಚಿತ್ರ ಇಲ್ಲದ ಖಾಲಿ ಅಂಚು ಇರುತ್ತಲ್ಲ, ಅದನ್ನು ಒತ್ತಿ ತೋರಿಸಬೇಕು. ನೋಡಪ್ಪಾ, ಇದು ನಿನ್ನ ಮೈಬಣ್ಣ, ಇದನ್ನು ಕಳೆದು ಲೆಕ್ಕ ಹಾಕು ಅಂತ."

ಅಂಚನ್ನು ಒತ್ತಿದರು. ಮದುಮಗಳ ಕೆನ್ನೆಗೆ ರಕ್ತ ಏರಿತು. ಆಗ ಅವರು ಮೊದಲ ಸಲ ತಲೆ ಎತ್ತಿ ನನ್ನನ್ನು ನೋಡಿದರು. ಮೊಬೈಲ್ ರಿಪೇರಿ ಮಾಡುವವರು ಸಾಮಾನ್ಯವಾಗಿ ಗಿರಾಕಿಯ ಮುಖ ನೋಡುವುದಿಲ್ಲ, ಡಿಸ್ಪ್ಲೇ ನೋಡುತ್ತಾರೆ. ಇವರು ನೋಡಿದರು. ಆಮೇಲೆ ಲೋಟದ ಮೇಲಿಂದ ತೆಗೆದ ಮೊಬೈಲನ್ನು ಎಲ್ಲಿಡಬೇಕೆಂದು ಒಂದು ಕ್ಷಣ ಮರೆತರು.

"ನಿಮ್ಮ ನೆಗೆಟಿವ್ ಕೊಡಿ," ಎಂದರು.

"ನನ್ನ ಹತ್ತಿರ ಇಲ್ಲ. ನಿಮ್ಮ ಹತ್ತಿರವೇ ಇರಬೇಕು."

ನಾನು ಬ್ಯಾಗಿನಿಂದ ಒಂದು ಹಳೆಯ ಪಟ ತೆಗೆದು ಕೌಂಟರಿನ ಮೇಲಿಟ್ಟೆ. ಅದರಲ್ಲಿ ಹಸಿರು ಸೀರೆ ಇದೆ, ಹೂವಿನ ಹಾರದ ತುದಿ ಇದೆ. ಮುಖ ಇರುವ ಜಾಗದಲ್ಲಿ ಬರೀ ಬಿಳಿ ಕಾಗದ, ಸುಲಿದ ಗಾಯದ ಹಾಗೆ. ಹಿಂದೆ ನೇರಳೆ ಬಣ್ಣದ ಸೀಲು: 'ಷಡಕ್ಷರಿ ಸ್ಟುಡಿಯೋ, ಆಲ್ದೂರು. 417'.

"ಇದು ನಮ್ಮಮ್ಮ," ಎಂದೆ. "ಮುಖ ಒರೆಸಿ ಹಾಕಿದವಳು ನಾನೇ."

*

ಹೇಳಿಬಿಡುತ್ತೇನೆ. ಬಚ್ಚಿಟ್ಟು ಕಥೆ ಹೇಳಬಾರದು ಎನ್ನುತ್ತಾರೆ ನಮ್ಮಜ್ಜಿ, ಅಮ್ಮನ ತಾಯಿ ವಿಶಾಲಾಕ್ಷಮ್ಮ.

ನನಗೆ ಒಂದೂವರೆ ವರ್ಷವಿದ್ದಾಗ ಅಮ್ಮ ಮೂರು ದಿನದ ಜ್ವರದಲ್ಲಿ ಲಿಂಗೈಕ್ಯಳಾದಳು. ಜಾವಳಿಯಲ್ಲಿ ಹುಟ್ಟಿದವಳೆಂದು ಅಲ್ಲಿಯ ಹೊಳೆಯ ಹೆಸರನ್ನೇ ಇಟ್ಟಿದ್ದರು, ಹೇಮಾವತಿ ಎಂದು. ಅಪ್ಪ ಮತ್ತೆ ಮದುವೆಯಾಗಿ ಕಡೂರಿನ ಕಡೆ ಹೋದರು. ಅವರ ಮನೆಯಲ್ಲಿದ್ದ ಮದುವೆಯ ಆಲ್ಬಂ ಏನಾಯಿತೋ ಯಾರೂ ಹೇಳಲಿಲ್ಲ. ಅಜ್ಜಿಯ ಗೋಡೆಯಲ್ಲಿ ಉಳಿದದ್ದು ಅಮ್ಮನ ಒಂದೇ ಒಂದು ಪಟ.

ಮಳೆಗಾಲ ಮುಗಿದ ಮೇಲೆ ನಮ್ಮ ಕಡೆ ಗೋಡೆಯ ಪಟಗಳನ್ನೆಲ್ಲ ಬಿಚ್ಚಿ ಬಿಸಿಲಿಗೆ ಇಡುತ್ತಾರೆ, ಇಲ್ಲದಿದ್ದರೆ ಬೂಸ್ಟು ಹಿಡಿಯುತ್ತದೆ. ನನಗೆ ಏಳು ವರ್ಷ. ಜಗಲಿಯಲ್ಲಿ ಸಾಲಾಗಿ ದೇವರುಗಳು ಮಲಗಿದ್ದರು, ಕೊನೆಯಲ್ಲಿ ಅಮ್ಮ. ಅಮ್ಮನ ಕೆನ್ನೆಯ ಮೇಲೆ ಬೂಸ್ಟಿನ ಒಂದು ಚುಕ್ಕಿ. ಅಜ್ಜಿ ದೇವರ ಸಾಮಾನು ಒರೆಸುವ ಹಾಗೆ ನಾನೂ ಬಟ್ಟೆ ಒದ್ದೆ ಮಾಡಿ, ವಿಭೂತಿ ಹಚ್ಚಿ, ಒರೆಸಿದೆ.

ಮೊದಲು ಕಣ್ಣು ಹರಡಿತು. ಹೆದರಿ ಇನ್ನೂ ಜೋರಾಗಿ ಉಜ್ಜಿದೆ. ಮುಖವೇ ಎದ್ದು ಬಂತು.

ಅಜ್ಜಿ ಬಯ್ಯಲಿಲ್ಲ. ನನ್ನ ಅಂಗೈ ತೆರೆದು ನೋಡಿ, "ಅಳಬೇಡ ನಾಗೂ, ಅವಳು ನಿನ್ನ ಕೈಗೇ ಬಂದಳು," ಎಂದರು. ಆ ಬಣ್ಣ ತೊಳೆಯಲು ನಾನು ಎರಡು ದಿನ ಒಪ್ಪಲಿಲ್ಲವಂತೆ.

ಈಗ ನನಗೆ ಮೂವತ್ತೆರಡು. ಮೂಡಿಗೆರೆಯ ಕಾಫಿ ಕ್ಯೂರಿಂಗ್ ವರ್ಕ್ಸಿನಲ್ಲಿ ಬೀಜ ಆರಿಸುವ ವಿಭಾಗಕ್ಕೆ ಸೂಪರ್‌ವೈಸರ್. ಸಾವಿರ ಬೀಜದಲ್ಲಿ ಒಂದು ಕಪ್ಪು ಇದ್ದರೆ ಕೈ ತಾನಾಗಿ ಅಲ್ಲಿಗೆ ಹೋಗುತ್ತದೆ. ಆದರೆ ಕಣ್ಣು ಮುಚ್ಚಿದರೆ ಅಮ್ಮನ ಮುಖ ಬರುವುದಿಲ್ಲ. ಬರುವುದು ಎರಡು ಕಣ್ಣು ಮಾತ್ರ. ದುಂಡಗೆ, ಏನನ್ನೋ ಕಂಡು ಬೆರಗಾದ ಹಾಗೆ, ಎಡಗಣ್ಣು ಒಂದು ಎಳ್ಳಿನಷ್ಟು ದೊಡ್ಡದು.

'ಹಳೇ ನೆಗೆಟಿವ್‌ಗಳನ್ನು ಮೊಬೈಲ್‌ಗೆ ಹಾಕಿಕೊಡುತ್ತೇವೆ, ಷಡಕ್ಷರಿ ಸ್ಟುಡಿಯೋ' ಎಂಬ ವಾಟ್ಸಾಪ್ ಮೆಸೇಜು ಬಂದ ದಿನವೇ ಆ ಪಟವನ್ನು ಪೆಟ್ಟಿಗೆಯಿಂದ ಹೊರಗೆ ತೆಗೆದೆ. ಅಜ್ಜಿ ಮಾತ್ರ, "ಇದ್ದದ್ದು ಇದ್ದ ಹಾಗೇ ಇರಲಿ ಬಿಡೇ," ಎಂದರು. ಮೂವತ್ತು ವರ್ಷದಲ್ಲಿ ಅಜ್ಜಿಯ ಮಾತು ಮೀರಿದ್ದು ಅದೊಂದೇ ಸಲ.

*

"ಯಾವ ಊರು ಅಂದ್ರಿ?" ಬೆಂಚಿನಿಂದ ಷಡಕ್ಷರಿಯವರು ಕೇಳಿದರು.

"ಜಾವಳಿ ಕಡೆ. ಹೇಮಾವತಿ ಅಂತ."

ಅವರು ರಸ್ತೆಯ ಕಡೆ ಮುಖ ತಿರುಗಿಸಿ ಕೂತರು.

ಮುಂದಿನ ಭಾನುವಾರ ಹೋದಾಗ ಬಟರ್ ಪೇಪರಿನ ಒಂದು ಪುಟ್ಟ ಕವರ್ ರೇಣುಕಪ್ರಸಾದರ ಕೈಯಲ್ಲಿತ್ತು. ಮೇಲೆ ಕೆಂಪು ಶಾಯಿಯಲ್ಲಿ 417. ನನ್ನ ಕಾಲು ನೆಲದ ಮೇಲಿರಲಿಲ್ಲ.

"ಸಿಕ್ಕಿದೆ," ಎಂದರು. ನನ್ನ ಮುಖ ನೋಡಲಿಲ್ಲ. "ಆದರೆ ಬೂಸ್ಟು ಹಿಡಿದಿದೆ. ಚಪ್ಪಲಿ ಡಬ್ಬದಲ್ಲಿ ಬರುತ್ತಲ್ಲ ಸಿಲಿಕಾ ಜೆಲ್, ಅದರ ಜೊತೆ ಒಂದು ವಾರ ಮುಚ್ಚಿಟ್ಟು ಒಣಗಿಸಬೇಕು."

"ಒಂದು ಸಲ ಬೆಳಕಿಗೆ ಹಿಡಿದು ನೋಡಲಾ?"

"ಬೇಡ. ಕೈ ತಾಕಿದರೆ ಎದ್ದುಬರುತ್ತೆ."

ಆ ಒಂದು ಮಾತು ಸಾಕಾಯಿತು. ಮುಂದಕ್ಕೆ ಹೋಗಿದ್ದ ಕೈಯನ್ನು ಹಿಂದೆ ತೆಗೆದುಕೊಂಡೆ. ಕವರ್ ಅವರ ಡ್ರಾಯರಿಗೆ ಹೋಯಿತು.

ಮೂರನೇ ಭಾನುವಾರ ಬೇರೆ ತೊಂದರೆ. ಟ್ಯಾಬಿನ ಬೆಳಕಿನ ಚುಕ್ಕಿಗಳೇ ಚಿತ್ರದ ಮೇಲೆ ಬಂದು ಕೂರುತ್ತವಂತೆ, ಮುಖದ ಮುಂದೆ ಜರಡಿ ಹಿಡಿದ ಹಾಗೆ. ಫಿಲಂ ಪರದೆಗೆ ಅಂಟಿರಬಾರದು, ನಡುವೆ ಹಾಲುಬಿಳಿ ಪ್ಲಾಸ್ಟಿಕ್ ಹಲಗೆ ಬೇಕು, ಚಿಕ್ಕಮಗಳೂರಿನಿಂದ ತರಿಸುತ್ತೇನೆ ಎಂದರು. ತರಿಸಿದರು. ನಾಲ್ಕನೇ ಭಾನುವಾರ ಫಿಲಂ ಚಪ್ಪಟೆಯಾಗಲೆಂದು ಮೇಲೆ ಗಾಜು ಇಟ್ಟರೆ ಅಲ್ಲಿ ಕಾಮನಬಿಲ್ಲಿನ ಉಂಗುರ ಎದ್ದಿತು. ಐದನೇ ಭಾನುವಾರ ಗಾಜಿನಲ್ಲಿ ಟ್ಯೂಬ್‌ಲೈಟಿನ ನೆರಳು.

"ಇದಕ್ಕೆ ಕಂಬಳಿಯೇ ಮದ್ದು," ಎಂದು ಒಳಗಿನಿಂದ ಒಂದು ಕರಿ ಕಂಬಳಿ ತಂದರು. "ಸುತ್ತಲ ಬೆಳಕು ಬೀಳಬಾರದು. ನೀವು ಆ ತುದಿ ಹಿಡ್ಕೊಳ್ಳಿ."

ಹಲಗೆಯ ಮೇಲಿದ್ದದ್ದು ಅಮ್ಮನ ನೆಗೆಟಿವ್ ಅಲ್ಲ, ಕಳಸದ ಯಾರದ್ದೋ ಗೃಹಪ್ರವೇಶ. ಆದರೂ ಹಿಡಿದೆ. ಕಂಬಳಿಯೊಳಗೆ ಅವರ ತಲೆ, ನನ್ನ ತಲೆ, ನಡುವೆ ಬೆಳಗುವ ಪುಟ್ಟ ಚೌಕ. ಅದರ ಬೆಳಕು ಅವರ ಗಲ್ಲದ ಕೆಳಗೆ ಬಿದ್ದು, ಎರಡು ದಿನದ ಗಡ್ಡದ ಒಂದೊಂದು ಕೂದಲೂ ಕಾಣುತ್ತಿತ್ತು.

"ಟೈಮರ್ ಇಟ್ಟಿದ್ದೀನಿ. ಎರಡು ಸೆಕೆಂಡ್ ಅಲುಗಬಾರದು."

"ಉಸಿರು ಬಿಡಬಹುದಾ?"

"ಬೇಡ. ಗಾಜಿಗೆ ಮಂಜು ಕೂರುತ್ತೆ."

ನಾವಿಬ್ಬರೂ ಉಸಿರು ಹಿಡಿದೆವು. ಕ್ಲಿಕ್ ಆದಮೇಲೂ ಬಿಡಲು ಮರೆತಿದ್ದೆವು.

"ಏ ರೇಣುಕಾ," ಹೊರಗಿನಿಂದ ಷಡಕ್ಷರಿಯವರ ಧ್ವನಿ. "ಒಳಗೆ ಹೋದವರು ಇದ್ದೀರಾ ಮಾರಾಯ, ಇಲ್ಲ ಕಂಬಳಿಗೆ ಪೂಜೆ ಮಾಡಿಸಬೇಕಾ?"

ಕಂಬಳಿ ಸರಿಸಿದಾಗ ನನ್ನ ಕೂದಲೆಲ್ಲ ನೆಟ್ಟಗೆ ನಿಂತಿತ್ತಂತೆ. ಅವರು ತೋರಿಸಿದ್ದು ಬೆರಳಿನಿಂದಲ್ಲ, ಕಣ್ಣಿನಿಂದ. ಹಳೆಯ ಸ್ಟುಡಿಯೋಗಳಲ್ಲಿ ಬಾಚಣಿಗೆ, ಪೌಡರ್ ಇಟ್ಟ ಒಂದು ಕನ್ನಡಿ ಇರುತ್ತದಲ್ಲ, ಅದರ ಮುಂದೆ ನಿಂತು ಸರಿಮಾಡಿಕೊಂಡೆ. ಅವರು ಕನ್ನಡಿಯಲ್ಲಿ ನನ್ನನ್ನು ನೋಡುತ್ತಿರುವುದು ನನಗೆ ಕಂಡಿತು. ನನಗೆ ಕಂಡದ್ದು ಅವರಿಗೂ ಕಂಡಿತು. ಇಬ್ಬರೂ ತಕ್ಷಣ ಗೃಹಪ್ರವೇಶ ನೋಡತೊಡಗಿದೆವು.

ಹೀಗೆ ನಾನು ವಿದ್ಯೆ ಕಲಿತೆ. ಫಿಲಂನ ಹೊಳೆಯುವ ಬದಿ ಯಾವುದು, ಮಂಕು ಬದಿ ಯಾವುದು. ಮಗುಚಿ ಇಟ್ಟರೆ ಎಡ ಬಲವಾಗುತ್ತದೆ, ಹೆಂಗಸರ ಸೆರಗು ತಪ್ಪು ಹೆಗಲಿಗೆ ಹೋಗುತ್ತದೆ. ಆರನೇ ಭಾನುವಾರದ ಹೊತ್ತಿಗೆ ಯಾರ ಸಹಾಯವೂ ಇಲ್ಲದೆ ಒಂದು ಇಡೀ ನಾಮಕರಣವನ್ನು ಮೊಬೈಲಿಗೆ ಇಳಿಸಿದ್ದೆ.

"417?" ಎಂದು ಕೇಳಿದೆ.

"ಆ್ಯಪ್ ಅಪ್‌ಡೇಟ್ ಆಗಿ ಸೆಟ್ಟಿಂಗೆಲ್ಲ ಹೋಯ್ತು. ಮುಂದಿನ ವಾರ..."

"ನಾಮಕರಣಕ್ಕೆ ಹೋಗದ ಸೆಟ್ಟಿಂಗ್ ನಮ್ಮಮ್ಮನಿಗೆ ಮಾತ್ರ ಹೋಯ್ತಾ?"

ಅವರ ಕಿವಿ ಕೆಂಪಾಯಿತು.

ಬಸ್ಸಿನಲ್ಲಿ ಕೂತು ಯೋಚಿಸಿದೆ. ಅವರು ಹೇಳಿದ ತೊಂದರೆಗಳೆಲ್ಲ ನಿಜ. ಆದರೆ ಬೇರೆಯವರ ಫಿಲಂನಲ್ಲಿ ಅವು ಹತ್ತೇ ನಿಮಿಷಕ್ಕೆ ಸರಿಹೋಗುತ್ತಿದ್ದವು. ಸಾವಿರದಲ್ಲಿ ಒಂದು ಕಪ್ಪು ಬೀಜ ಹುಡುಕುವವಳಿಗೆ ಇಷ್ಟು ಕಾಣದೆ ಇರುತ್ತದೆಯೇ? ಸುಳ್ಳು ಹೇಳುತ್ತಿದ್ದಾರೆ. ಏಕೆ? ನಾನು ಪ್ರತಿ ಭಾನುವಾರ ಬರಲಿ ಎಂದು.

ಆ ಸುಳ್ಳು ನನಗೆ ಹಿತವಾಯಿತು ಎಂಬುದನ್ನು ಶಿವನ ಮುಂದೆ ಒಪ್ಪಿಕೊಂಡಿದ್ದೇನೆ, ನಿಮ್ಮ ಮುಂದೆ ಏಕೆ ಮುಚ್ಚಿಡಲಿ?

ಅಜ್ಜಿ ಬಾಗಿಲಲ್ಲೇ ಹಿಡಿದರು. "ಏನೇ ನಾಗೂ, ನಿಮ್ಮಮ್ಮನ ಮುಖ ನೋಡಕ್ಕೆ ಹೋಗ್ತೀಯೋ, ಇನ್ಯಾರದ್ದೋ ಮುಖ ನೋಡಕ್ಕೋ?"

"ಅಜ್ಜೀ!"

"ಕೂಗಬೇಡ. ಕಿವಿ ಕೇಳತ್ತೆ ನಂಗೆ, ಕಣ್ಣೂ ಕಾಣತ್ತೆ."

*

ಏಳನೇ ಭಾನುವಾರ. ಹೊರಗೆ ಕಾರ್ತೀಕದ ಹಿತವಾದ ಬಿಸಿಲು. ರೇಣುಕಪ್ರಸಾದ್ ಎದುರಿನ ಹೋಟೆಲಿಗೆ ಕಾಫಿ ತರಲು ಹೋದರು. ಷಡಕ್ಷರಿಯವರು ಬೆಂಚಿನಲ್ಲಿ ಕಣ್ಣು ಮುಚ್ಚಿ ಜಪ ಮಾಡುತ್ತಿದ್ದರು.

ನನಗೊಂದು ತುಂಟ ಯೋಚನೆ ಬಂತು. 417 ಅನ್ನು ನಾನೇ ಅಚ್ಚುಕಟ್ಟಾಗಿ ಇಳಿಸಿ, ಅವರು ಬಂದಾಗ ಮೊಬೈಲನ್ನು ಮುಂದೆ ಹಿಡಿದು, "ಎಲ್ಲಿದೆ ಸ್ವಾಮಿ ನಿಮ್ಮ ತೊಂದರೆ?" ಎಂದು ಕೇಳಬೇಕು. ಅವರ ಕಿವಿ ಮತ್ತೆ ಕೆಂಪಾಗುವುದನ್ನು ನೋಡಬೇಕು.

ಡ್ರಾಯರ್ ಎಳೆದೆ. ಕವರ್ ಮೇಲೇ ಇತ್ತು. ಅಂಚು ಹಿಡಿದು ಫಿಲಂ ತೆಗೆದೆ. ಬೂಸ್ಟು ಎಲ್ಲೂ ಇರಲಿಲ್ಲ. ಹಲಗೆಯ ಮೇಲೆ ಮಲಗಿಸಿ, ಮೊಬೈಲ್ ಇಟ್ಟು, ಕಂಬಳಿ ಹೊದ್ದು, ಉಸಿರು ಹಿಡಿದೆ.

ಮೊದಲು ನೀಲಿ. ಈಗ ನೀಲಿಗೆ ನಾನು ಹೆದರುವವಳಲ್ಲ. ಖಾಲಿ ಅಂಚನ್ನು ಒತ್ತಿದೆ.

ಒಬ್ಬ ಹೆಂಗಸು ಕೂತಿದ್ದಾಳೆ. ಹಸಿರು ಸೀರೆ. ಹಣೆಯ ತುಂಬ ಮೂರು ಬೆರಳಿನ ವಿಭೂತಿ. ಕೊರಳಲ್ಲಿ ಹೂವು. ಅಂಗೈಯಲ್ಲಿ ಇಷ್ಟಲಿಂಗ. ಕಣ್ಣು ಮುಚ್ಚಿದೆ.

ಅಮ್ಮ! ಅಮ್ಮ ಪೂಜೆಗೆ ಕೂತಿದ್ದಾಳೆ!

ಅಜ್ಜಿ ಪ್ರತಿ ಬೆಳಿಗ್ಗೆ ಕೂರುವುದು ಹೀಗೆಯೇ. ಅಂಗೈಯಲ್ಲಿ ಲಿಂಗ, ಮುಚ್ಚಿದ ಕಣ್ಣು, ಜಗತ್ತು ಆಚೆ. ಕಂಬಳಿಯೊಳಗೆ ನಾನು ಒಬ್ಬಳೇ ನಕ್ಕೆ. ಅಮ್ಮನ ಮೂಗು ಹೀಗಿತ್ತೇ, ತುಟಿ ಹೀಗಿತ್ತೇ ಎಂದು ನೋಡುತ್ತಾ ಹೋದೆ. ಆಗ ಕಂಡಿತು: ಲಿಂಗ ಬಲಗೈಯಲ್ಲಿದೆ. ನಮ್ಮಲ್ಲಿ ಯಾರೂ ಹಾಗೆ ಹಿಡಿಯುವುದಿಲ್ಲ, ಎಡಗೈಯೇ ಲಿಂಗದ ಪೀಠ. ಓ, ಫಿಲಂ ಮಗುಚಿ ಇಟ್ಟಿದ್ದೇನೆ. ತಿರುಗಿಸಿ ಇಟ್ಟು ಇನ್ನೊಂದು ತೆಗೆದೆ. ಲಿಂಗ ಎಡಗೈಗೆ ಬಂತು. ಎರಡು ಬೆರಳಿನಿಂದ ಮುಖವನ್ನು ಹತ್ತಿರಕ್ಕೆ ಎಳೆದೆ.

ಹಾರದ ಮರೆಯಲ್ಲಿ, ಕೊರಳ ಬಳಿ, ಒಂದು ಬಿಳಿ ಬಟ್ಟೆಯ ಪಟ್ಟಿ. ಅದು ಹಿಂದಿನ ಕಂಬಕ್ಕೆ ಹೋಗಿತ್ತು. ತಲೆ ಮುಂದಕ್ಕೆ ವಾಲದಿರಲೆಂದು ಕಟ್ಟಿದ್ದು.

ಪೂಜೆಗೆ ಕೂತವರ ತಲೆಯನ್ನು ಯಾರೂ ಕಟ್ಟುವುದಿಲ್ಲ.

ಕೂತವರ ಎರಡೂ ಬದಿಗೆ ಬಾಳೆಕಂಬ ನಿಲ್ಲಿಸಿ ಮಂಟಪ ಕಟ್ಟುವುದೂ ಇಲ್ಲ. ನಮ್ಮವರಲ್ಲಿ ಹೋದವರನ್ನು ಮಲಗಿಸುವುದಿಲ್ಲ, ಕೂರಿಸುತ್ತೇವೆ. ವಿಭೂತಿ ಬಳಿದು, ಹೂವು ಹಾಕಿ, ಎಡಗೈಯಲ್ಲಿ ಲಿಂಗವಿಟ್ಟು, ಶಿವನ ಮನೆಗೆ ಹೊರಟವರ ಹಾಗೆ. ನಾನು ಎಷ್ಟು ಸಾವಿನ ಮನೆಗಳಲ್ಲಿ ನೋಡಿಲ್ಲ? ಆದರೂ ಗೊತ್ತಾಗಲಿಲ್ಲ. ಗೊತ್ತಾಗಲಿಲ್ಲ!

ಮಂಟಪದ ಪಕ್ಕದಲ್ಲಿ ಅಜ್ಜಿ ಇದ್ದರು. ಕೂದಲು ಕಪ್ಪಗಿದ್ದ ಅಜ್ಜಿ, ಬಾಯಿಗೆ ಸೆರಗು ಒತ್ತಿಕೊಂಡು. ಅಜ್ಜಿಯ ತೊಡೆಯ ಮೇಲೆ ಒಂದು ಮಗು.

ಕಂಬಳಿ ಎಸೆದು ಎದ್ದೆ. ಲೋಟ ಉರುಳಿ ನೆಲದ ಮೇಲೆ ಸದ್ದಾಯಿತು.

ಬಾಗಿಲಲ್ಲಿ ರೇಣುಕಪ್ರಸಾದ್ ಎರಡು ಕಾಫಿ ಹಿಡಿದು ನಿಂತಿದ್ದರು. ಮೊಬೈಲ್ ನೋಡಿದರು. ನನ್ನನ್ನು ನೋಡಿದರು. ಕಾಫಿ ಅವರ ಬೆರಳ ಮೇಲೆ ಚೆಲ್ಲುತ್ತಿತ್ತು, ಅವರಿಗೆ ತಿಳಿಯಲಿಲ್ಲ.

"ಯಾವತ್ತಿಂದ ಗೊತ್ತು ನಿಮಗೆ?" ನಾನು ಮೊಬೈಲಿನ ಕಡೆ ಕೈ ತೋರಿಸಿದೆ.

"ಎರಡನೇ ಭಾನುವಾರದಿಂದ."

"ಆ ತೊಂದರೆಗಳೆಲ್ಲ?"

"ಸುಳ್ಳು."

"ನಮ್ಮಮ್ಮನ್ನ ಡ್ರಾಯರ್‌ನಲ್ಲಿ ಇಟ್ಕೊಂಡು, ಈ ಕಡೆ ನನ್ನ ಜೊತೆ ನಗ್ತಾ ಇದ್ರಿ."

ಅವರು ತಲೆ ತಗ್ಗಿಸಿದರು. ನಾನು ಬ್ಯಾಗು ಹೆಗಲಿಗೆ ಹಾಕಿದೆ. ಆಗ ಮನಸ್ಸಿಗೆ ಇನ್ನೊಂದು ಹೊಳೆಯಿತು. ಮುಳುಗುವವಳಿಗೆ ಬೇರು ಸಿಕ್ಕ ಹಾಗೆ ಅದನ್ನು ಹಿಡಿದುಕೊಂಡೆ.

"ಇದು ಆ ಪಟ ಅಲ್ಲ! ಗೋಡೆಯ ಮೇಲಿದ್ದ ಅಮ್ಮ ಕಣ್ಣು ತೆರೆದಿದ್ದಳು. ಆ ಕಣ್ಣು ನನಗೆ ಇವತ್ತಿಗೂ ನೆನಪಿದೆ. ನೀವು ನಂಬರ್ ತಪ್ಪಿದ್ದೀರಿ. ಬೇರೆ ಇದೆ. ಹುಡುಕಿ!"

"ನಾಗಶ್ರೀ ಅವ್ರೇ..."

"ಹುಡುಕಿ ಅಂದೆ!"

"ಅದೇ ಪಟ, ತಾಯಿ." ಷಡಕ್ಷರಿಯವರ ಜಪ ನಿಂತಿತ್ತು. "ಕಣ್ಣು ನಾನು ಬರೆದದ್ದು."

*

ಷಡಕ್ಷರಿಯವರು ಬೆಂಚಿನಲ್ಲಿ ನನಗೆ ಜಾಗ ಮಾಡಿದರು.

"ಆಗೆಲ್ಲ ಎಷ್ಟೋ ಜನಕ್ಕೆ ಬದುಕಿದ್ದಾಗ ಒಂದು ಪಟ ತೆಗೆಸಿಕೊಳ್ಳುವ ಯೋಗವೇ ಇರ್ತಿರಲಿಲ್ಲ," ಎಂದರು ಅವರು ನಿಧಾನವಾಗಿ. "ಮಣ್ಣಿಗೆ ಕೊಡುವ ಮುಂಚೆ ನನಗೆ ಹೇಳಿಕಳಿಸೋರು. ತೆಗೀತಿದ್ದೆ. ಆದರೆ ಮುಚ್ಚಿದ ಕಣ್ಣನ್ನು ದಿನಾ ಗೋಡೆ ಮೇಲೆ ಯಾರು ನೋಡ್ತಾರೆ? ಅದಕ್ಕೆ ಮುಖ ಒಂದನ್ನೇ ದೊಡ್ಡದು ಮಾಡಿ, ಮೇಲೆ ಸಣ್ಣ ಕುಂಚದಲ್ಲಿ ಕಣ್ಣು ಬರೀತಿದ್ದೆ. ಕೊರಳಿನ ಕಟ್ಟನ್ನು ಹೂವು ಬರೆದು ಮುಚ್ತಿದ್ದೆ. ನಮ್ಮ ಕಸುಬಿನಲ್ಲಿ ಅದು ಸುಳ್ಳಲ್ಲಮ್ಮ, ಶುಶ್ರೂಷೆ."

ನಾನು ಕೂತೆ.

"ಬಣ್ಣ ನೀರಿನದು. ನೀರು ತಾಕಿಸಬೇಡಿ ಅಂತ ನಿಮ್ಮಜ್ಜಿಗೆ ಹೇಳಿದ್ದೆ. ಏಳು ವರ್ಷದ ಕೂಸಿಗೆ ಏನು ಗೊತ್ತು? ನೀನು ಮೊದಲು ಒರೆಸಿದ್ದು ನಿಮ್ಮಮ್ಮನ್ನಲ್ಲ, ಮಗಳೇ. ನನ್ನ ಬಣ್ಣವನ್ನು."

ಇಪ್ಪತ್ತೈದು ವರ್ಷ ಅಂಗೈಯಲ್ಲಿ ಮುಚ್ಚಿಟ್ಟುಕೊಂಡಿದ್ದ ಪಾಪ. ಅದನ್ನು ಇಳಿಸಿಕೊಂಡ ಹಗುರ ಬರಬೇಕಿತ್ತು. ಬರಲಿಲ್ಲ. ಬಂದದ್ದು ಒಂದು ದೊಡ್ಡ ಬಯಲು. ನನಗೆ ಉಳಿದಿದ್ದದ್ದು ಆ ಎರಡು ಕಣ್ಣು. ಅವೂ ಅಮ್ಮನವಲ್ಲವೇ?

"ಹಾಗಾದರೆ ಆ ಕಣ್ಣು ಯಾರದ್ದು?" ಎಂದೆ. "ಸುಮ್ಮನೆ ಮನಸ್ಸಿಗೆ ಬಂದದ್ದು ಬರೆದ್ರಾ?"

ಷಡಕ್ಷರಿಯವರು ಮಗನ ಕಡೆ ತಿರುಗಿದರು. "ಅದು ನನಗಿಂತ ಇವನಿಗೆ ಚೆನ್ನಾಗಿ ಗೊತ್ತು. ಹೇಳೋ ಮಾರಾಯ, ಇಷ್ಟು ವಾರ ನುಂಗಿಕೊಂಡದ್ದು ಸಾಕು."

ರೇಣುಕಪ್ರಸಾದ್ ಕೆಳಗೆ ಬಿದ್ದಿದ್ದ ಲೋಟ ಎತ್ತಿಟ್ಟರು. ಮೊಬೈಲಿನಲ್ಲಿ ಚಿತ್ರವನ್ನು ಬೆರಳಿನಿಂದ ಸರಿಸಿದರು. ಅಮ್ಮ ಆಚೆಗೆ ಹೋದಳು, ಅಜ್ಜಿಯ ತೊಡೆ ಬಂತು, ತೊಡೆಯ ಮೇಲಿನ ಮಗು ಬಂತು. ಫ್ಲ್ಯಾಷಿನ ಬೆಳಕಿಗೆ ಬೆಚ್ಚಿ ನೇರವಾಗಿ ನೋಡುತ್ತಿದ್ದ ಮಗು. ದುಂಡನೆಯ ಕಣ್ಣು. ಎಡಗಣ್ಣು ಒಂದು ಎಳ್ಳಿನಷ್ಟು ದೊಡ್ಡದು.

"ನಮ್ಮಪ್ಪ ನಿಮ್ಮಜ್ಜಿಯನ್ನ ಕೇಳಿದರಂತೆ, ಸೊಸೆ... ಅಲ್ಲ, ಮಗಳ ಕಣ್ಣು ಹೇಗಿತ್ತು ಅಂತ." ಅವರು ತೊದಲುತ್ತಿದ್ದರು. "ಅಜ್ಜಿ ನಿಮ್ಮನ್ನ ಎತ್ತಿ ತೋರಿಸಿ, ತಾಯಿ ಕಣ್ಣನ್ನೇ ಎರಕ ಹೊಯ್ದು ಇಳಿಸಿದಾನೆ ಶಿವ, ಇದನ್ನೇ ನೋಡಿ ಬರ್ಕೊಳ್ಳಿ ಅಂದರಂತೆ. ಅಪ್ಪ ಅರ್ಧ ದಿನ ನಿಮ್ಮ ಜಗಲಿಯಲ್ಲಿ ಕೂತು ನಿಮ್ಮ ಕಣ್ಣನ್ನ ಬರೆದುಕೊಂಡು ಬಂದರಂತೆ."

ಯಾರೋ ಕೈಹಿಡಿದು ನಡೆಸಿದ ಹಾಗೆ ಬಾಚಣಿಗೆ, ಪೌಡರ್ ಇಟ್ಟ ಕನ್ನಡಿಯ ಮುಂದೆ ಹೋಗಿ ನಿಂತೆ.

ದಿನಾ ಕುಂಕುಮ ಇಟ್ಟುಕೊಳ್ಳುವಾಗ ನೋಡಿದ್ದೇನೆ. ಕ್ಯೂರಿಂಗ್ ವರ್ಕ್ಸಿನಲ್ಲಿ ಬೀಜ ಆರಿಸಿ ದಣಿದಾಗ ನೀರು ಎರಚಿಕೊಂಡಿದ್ದೇನೆ. ಕನಸಿನಲ್ಲಿ ಬಂದು ನನ್ನನ್ನು ನೋಡಿ ಬೆರಗಾಗುತ್ತಿದ್ದ ಆ ಕಣ್ಣುಗಳು ಇಷ್ಟು ವರ್ಷ ಇಲ್ಲೇ ಇದ್ದವು, ನನ್ನ ಹಣೆಯ ಕೆಳಗೆ. ನಾನು ಅತ್ತಾಗ ಅಮ್ಮನ ಕಣ್ಣೇ ಅತ್ತಿತ್ತು.

ಆಗ ಅಳು ಬಂತು. ತಡೆಯಲಿಲ್ಲ.

ಷಡಕ್ಷರಿಯವರು ಎದ್ದು, "ನಾನು ಗುಡಿಗೆ ಹೋಗಿ ಬರ್ತೀನಿ," ಎಂದು ಚಪ್ಪಲಿ ಹುಡುಕಿದರು. ಗುಡಿ ಮಧ್ಯಾಹ್ನ ಮುಚ್ಚಿರುತ್ತದೆಂದು ಅವರಿಗೂ ಗೊತ್ತಿತ್ತು.

*

ನಾನು ಕಣ್ಣೊರೆಸಿಕೊಂಡ ಮೇಲೆ ರೇಣುಕಪ್ರಸಾದ್ ಹೇಳಿದರು, "ಮೊದಲ ವಾರ ನಿಮಗೆ ಹೇಗೆ ತಡ್ಕೊಳ್ಳೋಕೆ ಆಗುತ್ತೆ ಅಂತ ಹೇಳಲಿಲ್ಲ. ಬದುಕಿದ್ದಾಗಿನದು ಒಂದಾದರೂ ಸಿಗಬಹುದು ಅಂತ ಆ ವರ್ಷದ ಡಬ್ಬಗಳನ್ನೆಲ್ಲ ಹುಡುಕಿದೆ. ಸಿಗಲಿಲ್ಲ."

"ಆಮೇಲಿನ ವಾರಗಳು?"

ಅವರು ಕೌಂಟರಿನ ಅಂಚನ್ನು ಉಗುರಿನಿಂದ ಕೆರೆದರು. "ಹೇಳಿದ ದಿನ ನೀವು ಬರೋದು ನಿಲ್ಲುತ್ತೆ ಅಂತ. ಆ ಕಾರಣ ತಪ್ಪು. ನಿಮ್ಮ ತಾಯಿಯನ್ನ ನನ್ನ ಸ್ವಾರ್ಥಕ್ಕೆ ಕಾಯಿಸಿದೆ. ಕ್ಷಮಿಸಿ ಅಂತ ಕೇಳೋ ಮುಖವೂ ಇಲ್ಲ ನನಗೆ."

ಕ್ಷಮಿಸಿದೆ ಎನ್ನಲಿಲ್ಲ. ಸಿಟ್ಟು ಇನ್ನೂ ಇತ್ತು. ಆದರೆ ಅದರ ಕೆಳಗೆ ಇನ್ನೊಂದು ಇತ್ತು, ಅದು ಸಿಟ್ಟಿಗಿಂತ ಹಳೆಯದಾಗಿ ತೋರಿತು.

"ಸರಿಯಾಗಿ ಇಳಿಸಿಕೊಡಿ," ಎಂದೆ. "ನಾನು ತೆಗೆದದ್ದು ಮಸುಕಾಗಿದೆ."

ಅವರು ಕೈ ತೊಳೆದು, ಹಣೆಗೆ ವಿಭೂತಿ ಇಟ್ಟುಕೊಂಡು ಬಂದರು. ಆಮೇಲೆ ಅಮ್ಮನನ್ನು ಇಳಿಸಿದರು. ಮುಖ ಸ್ಪಷ್ಟವಾಗಿ ಬಂತು. ಇಪ್ಪತ್ತಮೂರರ ಹೆಣ್ಣುಮಗಳು. ನನಗಿಂತ ಚಿಕ್ಕವಳು! ತುಟಿಯ ಕೊನೆಯಲ್ಲಿ ಏನೋ ಹೇಳಲು ಹೋಗಿ ನಿಲ್ಲಿಸಿದ ಹಾಗೆ ಒಂದು ಸಣ್ಣ ಮಡಿಕೆ. ನೋವಿರಲಿಲ್ಲ. ನಾನು ಮೊದಲು ತಿಳಿದದ್ದು ತಪ್ಪಲ್ಲವೇನೋ, ಅವಳು ಪೂಜೆಗೇ ಕೂತಿದ್ದಳು, ಏಳದ ಪೂಜೆ.

"ಅಪ್ಪನ ಕೈ ಈಗ ನಡುಗುತ್ತೆ," ಎಂದರು. "ಕಣ್ಣು ಬೇಕಾದರೆ ಕಂಪ್ಯೂಟರ್‌ನಲ್ಲಿ..."

"ಕಣ್ಣು ಬೇಡ. ಅವಳು ಹೀಗೇ ಇರಲಿ. ನೋಡೋ ಕೆಲಸ ನನಗೆ ಬಿಟ್ಟು ಹೋಗಿದಾಳೆ."

ಬಸ್ ಸ್ಟ್ಯಾಂಡಿನ ತನಕ ಅವರು ಜೊತೆಗೆ ಬಂದರು, ಒಂದು ಮಾರು ದೂರ ಬಿಟ್ಟು, ತಪ್ಪು ಮಾಡಿದವರ ನಡಿಗೆಯಲ್ಲಿ. ಮೂಡಿಗೆರೆ ಬಸ್ಸು ಬಂದು ನಿಂತಿತು.

"ಪ್ರಿಂಟನ್ನ ಕೊರಿಯರ್ ಮಾಡ್ತೀನಿ," ಎಂದರು. "ನೀವು ಮತ್ತೆ ಬರೋ ಕಷ್ಟ ಬೇಡ."

"ನಮ್ಮಮ್ಮನ್ನ ಕೊರಿಯರ್‌ನಲ್ಲಿ ಕಳಿಸ್ತೀರಾ?"

"ಅಯ್ಯೋ, ಹಾಗಲ್ಲ..."

"ಗಾಜಿನ ಕಟ್ಟು ಹಾಕಿಸಿ, ನೀವೇ ಮನೆಗೆ ತನ್ನಿ. ಮುಂದಿನ ಸೋಮವಾರ ಕಡೇ ಕಾರ್ತೀಕ. ಅಜ್ಜಿ ಪೂಜೆ ಇಟ್ಟುಕೊಂಡಿದ್ದಾರೆ."

ಅವರು ನನ್ನನ್ನು ನೋಡಿದರು, ಕಿವಿಯ ಮೇಲೆ ನಂಬಿಕೆ ಇಲ್ಲದವರ ಹಾಗೆ. "ಅಜ್ಜಿ ಕೇಳಿದರೆ ಏನಂತ ಹೇಳಲಿ?"

"ನಿಜ ಹೇಳಿ. ನಿಮ್ಮ ಮೊಮ್ಮಗಳಿಗೆ ವಾರಗಟ್ಟಲೆ ಸುಳ್ಳು ಹೇಳಿದೆ ಅಂತ. ಯಾಕಪ್ಪಾ ಅಂತ ಕೇಳ್ತಾರೆ. ಆ ಎರಡನೇ ಕಾರಣ ಹೇಳಿ."

"ಅದು ತಪ್ಪು ಕಾರಣ ಅಂದೆನಲ್ಲ?"

"ತಪ್ಪೇ," ಎಂದೆ, ಮೆಟ್ಟಿಲು ಹತ್ತುತ್ತಾ. "ಸುಳ್ಳು ಅಂತ ಗೊತ್ತಾದ ಮೇಲೂ ನಾನು ಬಂದೆನಲ್ಲ, ನನ್ನದೂ ಅದೇ ತಪ್ಪು."

ಕಂಡಕ್ಟರ್ ಸೀಟಿ ಊದಿದ. "ಸ್ವಾಮೀ, ಹತ್ತೋದಾದ್ರೆ ಹತ್ತಿ, ಇಲ್ಲ ಕೈ ಬಿಡಿ!"

ರೇಣುಕಪ್ರಸಾದ್ ಬಾಗಿಲ ಕಂಬಿಯನ್ನು ಯಾವಾಗ ಹಿಡಿದಿದ್ದರೋ ಅವರಿಗೇ ಗೊತ್ತಿರಲಿಲ್ಲ. ಕೈ ನೋಡಿಕೊಂಡರು, ನನ್ನನ್ನು ನೋಡಿದರು, ದೂರದಲ್ಲಿ ಕಾಣುತ್ತಿದ್ದ ಅಂಗಡಿಯ ತೆರೆದ ಬಾಗಿಲನ್ನು ನೋಡಿದರು.

ಆಮೇಲೆ ಹತ್ತಿಬಿಟ್ಟರು.